ಗೋಡೆ ತಟ್ಟಿದ ಲಟ್ಟಣಿಗೆ

ಮಕ್ಕಳೇ, ನಿಮ್ಮ ಅಜ್ಜಿ ಯಾರ ಜೊತೆಗೂ ತಾನಾಗಿ ಮಾತು ಶುರುಮಾಡಿದವಳಲ್ಲ. ಮದುವೆಮನೆಯಲ್ಲೂ ನನಗೆ ಕಂಬದ ಮರೆಯೇ ಹಿತ. ಹಾಗಾಗಿ ನಿಮ್ಮಲ್ಲಿ ದೊಡ್ಡವಳಾದ ಅದಿತಿ ತೋರಿಸಿದ ಪುಟ್ಟ ಫ್ರೆಂಚ್ ಸಿನಿಮಾ ನನಗೆ ಬಹಳ ಹಿಡಿಸಿತು. ಅದರಲ್ಲಿ ಮಾತೇ ಇಲ್ಲ. ಒಬ್ಬ ಮುದುಕ ಗೋಡೆಯನ್ನು ಮೆಲ್ಲಗೆ ತಟ್ಟುತ್ತಾನೆ. ಆಚೆಮನೆಯ ಹೆಂಗಸು ತಿರುಗಿ ತಟ್ಟುತ್ತಾಳೆ. ಇಬ್ಬರೂ ನಗುತ್ತಾರೆ, ಮುಗಿಯಿತು. ಸ್ನೇಹ ಇಷ್ಟು ಸುಲಭವೆಂದು ಗೊತ್ತಿದ್ದರೆ ನಾನು ಇಷ್ಟು ವರ್ಷ ಕಂಬಕ್ಕೆ ಒರಗಿ ಕೂರುತ್ತಿರಲಿಲ್ಲ.

ಅಮೆರಿಕದ ಈ ಸಾಂಟಾ ಕ್ಲಾರಾದ ಅಪಾರ್ಟ್‌ಮೆಂಟಿನಲ್ಲಿ, ನೀವು ಸ್ಕೂಲು, ನಿಮ್ಮ ಅಪ್ಪ ಅಮ್ಮ ಆಫೀಸು ಎಂದು ಹೊರಟ ಮೇಲೆ, ಪಕ್ಕದ ಮನೆಯ ಚೀನೀ ಅಜ್ಜಿಯ ಟೀವಿಯೇ ನನಗೆ ಜೊತೆ. ಅದರಲ್ಲಿ ಯಾವುದೋ ಸೊಸೆ ದಿನವೂ ಅಳುತ್ತಾಳೆ. ಭಾಷೆ ಬಾರದಿದ್ದರೂ ತಪ್ಪು ಅತ್ತೆಯದೇ ಎಂದು ನಾನು ತೀರ್ಮಾನಿಸಿದ್ದೆ.

ಸಿನಿಮಾ ನೋಡಿದ ಮರುದಿನ ಚಪಾತಿ ಲಟ್ಟಿಸುವಾಗ ಎಲ್ಲಿಂದಲೋ ಧೈರ್ಯ ಬಂತು. ಲಟ್ಟಣಿಗೆಯಿಂದ ಗೋಡೆಗೆ ಟಕ್ ಟಕ್ ಎನಿಸಿದೆ. ಟೀವಿ ಸಣ್ಣಗಾಯಿತು. ಕೇಳಿಸಿತಲ್ಲ ಎಂದು ಹಿಗ್ಗಿ ಮತ್ತೆ ತಟ್ಟಿದೆ. ಟೀವಿ ನಿಂತೇಹೋಯಿತು. ಇನ್ನೊಮ್ಮೆ ತಟ್ಟಿದರೆ ನಲ್ಲಿಯ ನೀರೂ ನಿಂತಿತು. ಆಮೇಲೆ ಪಾಪ, ಕೆಮ್ಮುವುದನ್ನೂ ಬಿಟ್ಟರೆಂದು ಕಾಣುತ್ತದೆ.

ನಮ್ಮೂರ ಶಾಲೆಯಲ್ಲಿ ಮೇಷ್ಟ್ರು ಮೇಜಿಗೆ ಬೆತ್ತ ತಟ್ಟಿದರೆ ಅದನ್ನು ಪ್ರೀತಿ ಎಂದುಕೊಂಡ ಮಗು ಒಂದೂ ಇರಲಿಲ್ಲ. ಅಲ್ಲೇ ಓದಿದವಳು ನಾನು, ಹೇಗೆ ಮರೆತೆನೋ.

ಮರುದಿನವೂ ಗೋಡೆ ಉಸಿರೆತ್ತಲಿಲ್ಲ. ಇದ್ದ ಒಂದು ಜೊತೆಯನ್ನೂ ಕಳೆದುಕೊಂಡೆನಲ್ಲ ಎಂದು ನನಗೆ ಊಟ ಸೇರಲಿಲ್ಲ. ಅದಿತಿಯ ಬಳಿ ಹೇಳಿಕೊಂಡೆ.

"ಅಜ್ಜೀ, ಜಸ್ಟ್ ಗೋ ಸೇ ಹಾಯ್," ಎಂದಳು.

"ಹಾಯ್ ಅಂದಮೇಲೆ ಏನನ್ನಲೇ?"

"ನಥಿಂಗ್. ದೆನ್ ಬೈ."

ಕೊನೆಗೆ ಸ್ಟೀಲ್ ಡಬ್ಬಿಯ ತುಂಬ ಕೋಡುಬಳೆ ಒಯ್ದು, ಬಾಗಿಲು ತೆರೆದೊಡನೆ ಅವರ ಕೈಗಿಟ್ಟು, ಹಾಯ್ ಕೂಡ ಅನ್ನದೆ ಓಡಿಬಂದೆ.

ಸಂಜೆ ನಮ್ಮ ಬಾಗಿಲಲ್ಲಿ ಅವರ ಪಿಂಗಾಣಿ ಬಟ್ಟಲು, ಅದರ ತುಂಬ ನಿಂಬೆಹಣ್ಣು. ಅವರ ಬಟ್ಟಲನ್ನು ಬರಿದಾಗಿ ಕೊಡಲು ನನಗೆ ಕೈ ಬರುವುದಿಲ್ಲ. ನಮ್ಮ ಡಬ್ಬಿಯನ್ನು ಬರಿದಾಗಿ ಕೊಡಲು ಅವರಿಗೂ ಬಾರದೆಂದು ಕಾಣುತ್ತದೆ. ಹೀಗೆ ಶುರುವಾದದ್ದು ನಿಲ್ಲುವ ದಾರಿ ಕಾಣದೆ ಇಬ್ಬರೂ ಸಿಕ್ಕಿಹಾಕಿಕೊಂಡಿದ್ದೇವೆ. ವಾರವೆಲ್ಲ ಚಿತ್ರಾನ್ನವೇ ಏಕೆ ಎಂದು ಗೊಣಗುತ್ತೀರಲ್ಲ, ಇದೇ ಕಾರಣ.

ಟೀವಿಯೂ ಮರಳಿದೆ, ಮೊದಲಿಗಿಂತ ಜೋರಾಗಿ. ಸೊಸೆ ಇನ್ನೂ ಅಳುತ್ತಿದ್ದಾಳೆ, ನನಗೆ ನೆಮ್ಮದಿ.

ಇವತ್ತು ಚಟ್ನಿ ರುಬ್ಬುವಾಗ ಆಚೆಯಿಂದ ಟಕ್ ಟಕ್ ಕೇಳಿಸಿತು. ಪ್ರೀತಿಯೋ, ಗದ್ದಲ ಸಾಕೆಂದೋ ತಿಳಿಯಲಿಲ್ಲ. ಎರಡಕ್ಕೂ ಇರಲಿ ಎಂದು ಮಿಕ್ಸಿ ನಿಲ್ಲಿಸಿ, ಲಟ್ಟಣಿಗೆ ಎತ್ತಿಕೊಂಡೆ.