ಮಣಿಮಾಲಿನಿಗೆ ಮಾತು ಕಲಿಸಿದವಳು

ಸೊಕ್ಕೆಯ ದಾಸಪ್ಪನಿಗೆ ಮೀಸೆ ಇರಲಿಲ್ಲ. ಬೆಳೆಯುತ್ತಿರಲಿಲ್ಲ ಎಂದಲ್ಲ, ಅವನು ಬೆಳೆಯಲು ಬಿಟ್ಟಿರಲಿಲ್ಲ. ಊರಿನ ಬಯಲಾಟದಲ್ಲಿ ರಾಜಕುಮಾರಿ ಮಣಿಮಾಲಿನಿಯ ಪಾರ್ಟು ಅವನ ಮನೆತನದ್ದು. ಅವನಪ್ಪ ಮಾಡಿದ್ದ, ಅಪ್ಪನ ಅಪ್ಪ ಮಾಡಿದ್ದ. ಹಗಲೆಲ್ಲ ಶೇಂಗಾ ಹೊಲದಲ್ಲಿ ಕುಂಟೆ ಹೊಡೆದು ಬರುತ್ತಿದ್ದ ಆಳು, ಸೀರೆಯುಟ್ಟು ಮೂಗುತಿ ಸಿಕ್ಕಿಸಿಕೊಂಡು ರಂಗಕ್ಕೆ ಬಂದರೆ ಊರಿನ ಹೆಂಗಸರೇ ತಮ್ಮ ಸೆರಗು ಸರಿಮಾಡಿಕೊಳ್ಳುತ್ತಿದ್ದರು.

ಆದರೆ ದಾಸಪ್ಪನಿಗೆ ಅಕ್ಷರ ಬರುತ್ತಿರಲಿಲ್ಲ. ಮಣಿಮಾಲಿನಿಯ ಮಾತನ್ನು ಅವನಿಗೆ ಕಲಿಸಿದವಳು ಮಗಳು ಗಿಡ್ಡಮ್ಮ. ನಾಲ್ಕನೇ ಕ್ಲಾಸಿಗೆ ಸ್ಕೂಲು ಬಿಟ್ಟವಳು. ಎಪ್ಪತ್ತೊಂದನೇ ಇಸವಿಯಲ್ಲಿ ಅವಳಿಗೆ ಹನ್ನೆರಡು ವರ್ಷ. ಆಟ ಕಲಿಸುವ ಮೇಷ್ಟ್ರು ಕೊಟ್ಟ ಎಣ್ಣೆ ಕಲೆಯ ನೋಟ್‌ಬುಕ್ಕನ್ನು ತೊಡೆಯ ಮೇಲಿಟ್ಟುಕೊಂಡು, ಬೀಜದ ಶೇಂಗಾ ಸುಲಿಯುತ್ತ ಒಂದೊಂದೇ ಸಾಲು ಓದುವಳು. ಅಪ್ಪ ತಿರುಗಿ ಹೇಳುವನು. ತಪ್ಪಿದರೆ ಸಿಪ್ಪೆ ತೆಗೆದು ಅವನ ಮೇಲೆಸೆಯುವಳು.

"ರಾಜಕುಮಾರಿ ಎಮ್ಮೆ ಕರದಂಗೆ ಕರೀತಾಳೇನಪ್ಪ?"

"ಮತ್ತೆ ಹೆಂಗೆ ಕರೀತಾಳವ್ವ? ನೀನು ಕಂಡೀಯೇನು ರಾಜಕುಮಾರೀನ?"

ಇಬ್ಬರೂ ನಗುವರು. ಆ ದಿನಗಳಷ್ಟು ಸುಖವನ್ನು ಗಿಡ್ಡಮ್ಮ ಮುಂದೆಂದೂ ಕಾಣಲಿಲ್ಲ. ಇದನ್ನು ಈಗಲೇ ಹೇಳಿಬಿಡುವುದು ಒಳ್ಳೆಯದು.

ಮಣಿಮಾಲಿನಿಯ ಕತೆ ಇಷ್ಟೇ. ಮಹಾರಾಜ ತನ್ನ ಮಗಳನ್ನು ಗಡಿಯಾಚೆಯ ಕ್ರೂರ ಯುವರಾಜನಿಗೆ ಧಾರೆಯೆರೆದು ಕೊಡುತ್ತಾನೆ. ಅವಳು ಪಡಬಾರದ ಕಷ್ಟ ಪಟ್ಟು ತವರಿಗೆ ಓಡಿ ಬರುತ್ತಾಳೆ. ವಾಪಸು ಕಳಿಸಿಬಿಡಿ ಎಂದು ಮಂತ್ರಿಗಳು ಹೇಳುತ್ತಾರೆ. ಆಗ ಅವಳು ಕೈಯೆತ್ತಿ ಹೇಳುತ್ತಾಳೆ: "ಜನಕನೇ, ಆ ಕ್ರೂರನ ಅರಮನೆಯಲ್ಲಿ ಮರಳಿ ಪಾದವಿಡಲಾರೆ. ನಾನು ನಿನ್ನ ಮಗಳೆಂಬುದು ನಿಜವಾದರೆ ನಿನ್ನ ನೆರಳಿನಲ್ಲಿ ಇರಿಸಿಕೋ. ಇಲ್ಲವಾದರೆ ಇಲ್ಲಿಯೇ ಮಣ್ಣು ಮಾಡು." ಮಹಾರಾಜ ಸಿಂಹಾಸನದಿಂದಿಳಿದು ಬಂದು ಮಗಳನ್ನು ಅಪ್ಪಿಕೊಳ್ಳುತ್ತಾನೆ. ಈ ಸನ್ನಿವೇಶ ಬರುವುದು ಬೆಳಕು ಹರಿಯುವ ಹೊತ್ತಿಗೆ. ನಿದ್ದೆ ಮಾಡುತ್ತಿದ್ದವರನ್ನೂ ಪಕ್ಕದವರು ತಿವಿದು ಎಬ್ಬಿಸುತ್ತಿದ್ದರು. ಮಹಾರಾಜನ ಪಾರ್ಟು ಮರುಳಸಿದ್ದಪ್ಪನದು. ಊರಿನ ಹಿರಿಯ, ಯಾರ ಮನೆಯ ಜಗಳಕ್ಕೂ ಕಟ್ಟೆಯ ಮೇಲೆ ಕೂತು ನ್ಯಾಯ ಹೇಳುವವನು. ಅವನು ಸಿಂಹಾಸನ ಇಳಿದ ಎಂದರೆ ಊರು ಮೂಗು ಸೀಟಿಕೊಳ್ಳಲು ಶುರು. ರಾಜಕುಮಾರಿಯರ ಕಷ್ಟಕ್ಕೆ ನಮ್ಮ ಜನ ಬಹಳ ಬೇಗ ಕರಗುತ್ತಾರೆ.

ಎಪ್ಪತ್ತಾರರಲ್ಲಿ ಗಿಡ್ಡಮ್ಮನನ್ನು ನ್ಯಾಮತಿ ಹತ್ತಿರದ ಹಳ್ಳಿಯ ಬೆನಕಪ್ಪನಿಗೆ ಕೊಟ್ಟರು. "ಗದ್ದೆ ಐತೆ, ದಿನಾ ಅನ್ನ ಉಣ್ತಾರೆ. ನಮ್ಮವ್ವ ರಾಣಿ ಹಂಗೆ ಇರ್ತಾಳೆ," ಎಂದು ದಾಸಪ್ಪ ಊರೆಲ್ಲ ಹೇಳಿಕೊಂಡು ಬಂದ. ಅನ್ನವೇನೋ ಇತ್ತು. ಅದರ ಜೊತೆಗೆ ಎತ್ತಿನ ಬಾರುಕೋಲೂ ಇತ್ತು. ಬೆನಕಪ್ಪ ಕುಡಿಯುತ್ತಿರಲಿಲ್ಲ, ಇಸ್ಪೀಟು ಆಡುತ್ತಿರಲಿಲ್ಲ, ಊರಿನಲ್ಲಿ ಒಳ್ಳೆಯವನೆಂದೇ ಹೆಸರು. ಮನೆಯೊಳಗೆ ಬಂದು ಬಾಗಿಲು ಹಾಕಿಕೊಂಡ ಮೇಲೆ ಅವನು ಬೇರೆ. ಎರಡನೇ ವರ್ಷ, ಸಾರಿಗೆ ಉಪ್ಪು ಹಾಕಿದ್ದು ಮರೆತು ಇನ್ನೊಂದು ಸಲ ಹಾಕಿದ್ದಕ್ಕೆ, ಎಡಗೆನ್ನೆಗೆ ಬಿಟ್ಟ ಏಟಿನಲ್ಲಿ ಅವಳ ಆ ಕಡೆಯ ಕಿವಿ ಶಾಶ್ವತವಾಗಿ ಹೋಯಿತು.

ಸಸಿ ನೆಡಲು ಹೋದಾಗ ಪಕ್ಕದ ಸಾಲಿನ ಮುದುಕಿ ಭೀಮಕ್ಕ, ಚನ್ನಗಿರಿ ಕಡೆಯವಳು, ಸೂಳೆಕೆರೆಯ ಕತೆ ಹೇಳುತ್ತಿದ್ದಳು. ಅಷ್ಟು ದೊಡ್ಡ ಕೆರೆಯನ್ನು ಕಟ್ಟಿಸಿದವಳು ಅಪ್ಪನ ಮೇಲೆ ಮುನಿಸಿಕೊಂಡು ಹೋಗಿದ್ದ ಒಬ್ಬ ರಾಜಕುಮಾರಿಯಂತೆ. ಗಿಡ್ಡಮ್ಮ ಬಲಗಿವಿ ಕೊಟ್ಟು ಕೇಳುವಳು. "ಮುನಿಸಿಕೊಂಡೋಳು ಎಲ್ಲಿಗೆ ಹೋದ್ಲಂತೆ ಅಜ್ಜಿ? ಯಾರು ಇಟ್ಕೊಂಡ್ರು?" ಎಂದು ಒಮ್ಮೆ ಕೇಳಿದಳು. "ಅದನ್ನ ಯಾರು ಕೇಳ್ಯಾರೆ? ರಾಜನ ಮಗಳಲ್ಲವ, ಹೋದ ಕಡೆ ಜಾಗ," ಎಂದಳು ಭೀಮಕ್ಕ.

ಎಪ್ಪತ್ತೆಂಟರ ಚಳಿಗಾಲದಲ್ಲಿ ಗಿಡ್ಡಮ್ಮ ಉಟ್ಟ ಸೀರೆಯಲ್ಲೇ ಹೊನ್ನಾಳಿಗೆ ನಡೆದು, ದಾವಣಗೆರೆಗೆ ಬಸ್ಸು ಹತ್ತಿ, ಅಲ್ಲಿಂದ ಇನ್ನೊಂದು ಬಸ್ಸು ಹಿಡಿದು ಜಗಳೂರಿನಲ್ಲಿಳಿದು ಸೊಕ್ಕೆಗೆ ಬಂದಳು. ಆಟಕ್ಕೆ ಎಂಟು ದಿನ ಉಳಿದಿತ್ತು. ಅಪ್ಪ ಬೆನ್ನಿನ ಬರೆ ನೋಡಿದ. "ಆಟ ಒಂದು ಮುಗೀಲಿ ಕಣವ್ವ. ಆಮೇಲೆ ನೋಡನ," ಎಂದ. ಅವಳಿಗೆ ಬೇಕಾಗಿದ್ದುದು ಒಂದೇ: ಮತ್ತೆ ಆ ಬಾಗಿಲೊಳಗೆ ಹೋಗದಿರುವುದು. ಎಂಟು ದಿನವೂ ನೋಟ್‌ಬುಕ್ಕು ಹಿಡಿದು ಅಪ್ಪನಿಗೆ ಮಾತು ಓದಿ ಹೇಳಿದಳು. "ನಿನ್ನ ನೆರಳಿನಲ್ಲಿ ಇರಿಸಿಕೋ" ಎಂಬ ಸಾಲನ್ನು ಅವನು ಪ್ರತಿದಿನವೂ ತಪ್ಪಿಲ್ಲದೆ ಹೇಳಿದ. ಇದಕ್ಕಿಂತ ಇನ್ನೇನು ಬಾಯಿಬಿಟ್ಟು ಕೇಳುವುದು ಎಂದುಕೊಂಡಳು ಪಾಪ.

ಆಟದ ಮಾರನೆಯ ಮಧ್ಯಾಹ್ನವೇ ಬೆನಕಪ್ಪ ತನ್ನ ಅಣ್ಣನನ್ನು ಕರೆದುಕೊಂಡು ಬಂದ. ಕಟ್ಟೆಯ ಮೇಲೆ ಹಿರಿಯರು ಕೂತರು, ನಡುವೆ ಮರುಳಸಿದ್ದಪ್ಪ. ದಾಸಪ್ಪ ಒಂದು ಪಕ್ಕದಲ್ಲಿ ಕೂತಿದ್ದ, ಕಣ್ಣಿನ ಕಾಡಿಗೆ ಇನ್ನೂ ಪೂರ್ತಿ ಹೋಗಿರಲಿಲ್ಲ.

"ಏನವ್ವ, ನಿಂದೇನು ಹೇಳು," ಎಂದ ಮರುಳಸಿದ್ದಪ್ಪ.

ಹೇಳಬೇಕೆಂದು ಕೂಡಿಟ್ಟುಕೊಂಡಿದ್ದುದೆಲ್ಲ ಅವಳ ಬಾಯಲ್ಲಿ ಒಣಗಿಹೋಯಿತು. ಗಂಡಸರ ಎದುರು ನಿಂತು ಒಲ್ಲೆ ಎನ್ನುವುದನ್ನು ಅವಳಿಗೆ ಯಾರು ಕಲಿಸಿದ್ದರು? ಕಲಿತಿದ್ದುದು ಒಂದೇ ಮಾತು, ಏಳು ವರ್ಷದಿಂದ ಕಂಠಪಾಠವಾದದ್ದು. ಅದೇ ಬಂತು. "ಆ ಕ್ರೂರನ ಅರಮನೆಯಲ್ಲಿ ಮರಳಿ ಪಾದವಿಡಲಾರೆ. ನಾನು ನಿನ್ನ ಮಗಳೆಂಬುದು ನಿಜವಾದರೆ..."

ಕಟ್ಟೆಯ ತುಂಬ ನಗು ಎದ್ದಿತು. "ಭೇಷ್! ಅಪ್ಪನ್ನೇ ಮೀರಿಸಿದ್ಲು!" ಎಂದು ಯಾರೋ ಕೂಗಿದರು. ಬೆನಕಪ್ಪನೂ ನಕ್ಕ. "ನನ್ನ ಮನೇನ ಅರಮನೆ ಅಂತಾಳಲ್ರೀ, ಇನ್ನೇನು ಕಷ್ಟ ಐತೆ ಇವಳಿಗೆ?" ಎಂದ.

ಮರುಳಸಿದ್ದಪ್ಪ ಕಣ್ಣೊರೆಸಿಕೊಂಡ, ನಕ್ಕು ನಕ್ಕು ಬಂದ ನೀರು. "ಆಟ ಬೇರೆ, ಬಾಳುವೆ ಬೇರೆ ಕಣವ್ವ. ಗಂಡನ ಜೊತೆ ಹೋಗು."

ಗಿಡ್ಡಮ್ಮ ಹಿರಿಯರನ್ನು ಬಿಟ್ಟು ಅಪ್ಪನ ಕಡೆ ತಿರುಗಿದಳು. ಈ ಸಲ ಬಂದದ್ದು ಅವಳದೇ ಮಾತು, ಗಂಟಲಲ್ಲಿ ಸಿಕ್ಕಿಕೊಂಡು ಅರ್ಧರ್ಧವಾಗಿ ಬಂತು. "ಅಪ್ಪ... ಮೂಲೇಲಿ ಒಂದು ಚಾಪೆ ಹಾಸೋಷ್ಟು ಜಾಗ ಕೊಡು, ಸಾಕು. ಉಣ್ಣಾಕೆ... ಉಣ್ಣಾಕೂ ಕೇಳಲ್ಲ."

ದಾಸಪ್ಪ ತಲೆ ಎತ್ತಲಿಲ್ಲ. ಸಂಜೆಯ ಬಸ್ಸಿಗೆ ಅವಳನ್ನು ಹತ್ತಿಸಿದರು.

ಆಮೇಲಿನ ಆರು ವರ್ಷದಲ್ಲಿ ಹೇಳುವಂಥದ್ದು ಹೆಚ್ಚಿಲ್ಲ. ಎರಡು ಹೆಣ್ಣು ಮಕ್ಕಳಾದವು. ಏಟು ನಿಲ್ಲಲಿಲ್ಲ, ಅವಳು ಅಳುವುದು ನಿಂತಿತು. ಎಂಬತ್ತನಾಲ್ಕರಲ್ಲಿ ಆಟಕ್ಕೆ ಕರೆ ಬಂದಾಗ ಬೆನಕಪ್ಪ ಅದೇನೋ ಒಳ್ಳೆಯ ಮನಸ್ಸು ಮಾಡಿ ಎರಡು ದಿನಕ್ಕೆ ಕಳಿಸಿದ. ದಾಸಪ್ಪನಿಗೆ ಈಗ ಹಲ್ಲು ಬಿದ್ದಿದ್ದವು. ಆದರೂ ಮಣಿಮಾಲಿನಿ ಅವನೇ. ಸುತ್ತ ಹತ್ತು ಹಳ್ಳಿಯವರು ಆ ಒಂದು ಸನ್ನಿವೇಶ ನೋಡಲೆಂದೇ ಗಾಡಿ ಕಟ್ಟಿಕೊಂಡು ಬರುತ್ತಾರೆಂದು ಊರಿನವರು ಹೇಳಿದರು. ಅಷ್ಟು ಹೆಸರು ಯಾತಕ್ಕೆ ಬಂತೆಂದು ಅವಳಿಗೆ ಗೊತ್ತಿರಲಿಲ್ಲ.

ಮೂಡಲು ಬೆಳ್ಳಗಾಗುವಾಗ ಅವಳು ಮಕ್ಕಳನ್ನು ಮಡಿಲಿಗೆ ಎಳೆದುಕೊಂಡು, ಬಲಗಿವಿಯನ್ನು ರಂಗದ ಕಡೆ ಮಾಡಿ ಕೂತಳು. ಮಣಿಮಾಲಿನಿ ಮಹಾರಾಜನ ಮುಂದೆ ಬಂದು ನಿಂತಳು. ಕೈ ಎತ್ತಲಿಲ್ಲ, ಜನಕನೇ ಎನ್ನಲಿಲ್ಲ. ಗಂಟಲಲ್ಲಿ ಸಿಕ್ಕಿಕೊಂಡ, ಅರ್ಧರ್ಧ ಒಡೆದ ದನಿಯಲ್ಲಿ ಹೇಳಿದಳು:

"ಅಪ್ಪ... ಮೂಲೇಲಿ ಒಂದು ಚಾಪೆ ಹಾಸೋಷ್ಟು ಜಾಗ ಕೊಡು, ಸಾಕು. ಉಣ್ಣಾಕೆ... ಉಣ್ಣಾಕೂ ಕೇಳಲ್ಲ."

ಎಲ್ಲಿ ತಡೆಯಬೇಕೋ ಅಲ್ಲೇ ತಡೆದ, ಎಲ್ಲಿ ಉಸಿರೆಳೆಯಬೇಕೋ ಅಲ್ಲೇ ಎಳೆದ. ಒಂದೂ ತಪ್ಪಿರಲಿಲ್ಲ. ಬಯಲೆಲ್ಲ ಬಿಕ್ಕಿತು. ಅವತ್ತು ಭೇಷ್ ಎಂದಿದ್ದವರು ಪಂಚೆಯ ಚುಂಗಿನಿಂದ ಮುಖ ಒರೆಸಿಕೊಂಡರು. ಮರುಳಸಿದ್ದಪ್ಪ ಸಿಂಹಾಸನದಿಂದಿಳಿದು, ನಿಜವಾಗಿಯೇ ಅಳುತ್ತ, ಮಗಳನ್ನು ಎದೆಗಪ್ಪಿಕೊಂಡ.

ಆಮೇಲೆ ಗಿಡ್ಡಮ್ಮ ಕೊಬ್ಬರಿ ಎಣ್ಣೆ ಹಚ್ಚಿ ಅಪ್ಪನ ಮುಖದ ಬಣ್ಣ ತೆಗೆದಳು. ಅವನು ಬಹಳ ಖುಷಿಯಲ್ಲಿದ್ದ.

"ಹೆಂಗಿತ್ತವ್ವ?"

"ಚೆನ್ನಾಗಿತ್ತಪ್ಪ." ಹಣೆಯ ಬಣ್ಣ ಒರೆಸುತ್ತ ಕೇಳಿದಳು: "ಚಾಪೆ ಮಾತು ಬುಕ್ಕಿನಾಗೆ ಇರಲಿಲ್ಲವಲ್ಲ?"

"ಇರಲಿಲ್ಲ. ಎಲ್ಲಿಂದ ಬಂತೋ, ಒಂದು ವರ್ಷ ತಾನಾಗೇ ಬಾಯಿಗೆ ಬಂತು. ಅವಾಗಿಂದ ಅದನ್ನೇ ಹೇಳ್ತೀನಿ. ಊರಿಗೆ ಊರೇ ಅಳ್ತೈತೆ ನೋಡು."

ಗಿಡ್ಡಮ್ಮ ಅವನ ಕಣ್ಣಿನ ಕಾಡಿಗೆಯನ್ನು ಈ ಸಲ ಪೂರ್ತಿ ಒರೆಸಿದಳು. ಬಟ್ಟೆ ಮಡಚಿಟ್ಟು, ಮಧ್ಯಾಹ್ನದ ಬಸ್ಸು ಎಷ್ಟು ಹೊತ್ತಿಗೆ ಎಂದು ಕೇಳಿದಳು.