ದಾನೇಶ್ವರಿ ತಿದ್ದದೆ ಬಿಟ್ಟ ಪದ

ಗುಡಗೇರಿಯ ಕಾಳಿನ ವ್ಯಾಪಾರಿ ಸುಭಾಸರ ಮಗಳು ದಾನೇಶ್ವರಿ ನನ್ನ ಕೈಯಲ್ಲಿ ಕನ್ನಡ ಕಲಿತವಳು. ಒಂದು ಒತ್ತಕ್ಷರ ತಪ್ಪಿದರೂ ಇಡೀ ಪುಟವನ್ನು ಮತ್ತೆ ಬರೆಯುವಳು. ಮುಂದೆ ಅವಳು ಹಳೆಯ ಕಪ್ಪು-ಬಿಳುಪು ಚಿತ್ರಗಳ ಸಂಶೋಧನೆಗೆ ತೊಡಗಿದಳು. ಆರು ವರ್ಷ ಬಸ್ಸಿನಲ್ಲಿ ಊರೂರು ತಿರುಗಿ, ಡೇರೆ ಹಾಕಿ ಸಿನಿಮಾ ತೋರಿಸುತ್ತಿದ್ದವರ ಮಾತುಗಳನ್ನು ನೋಟುಬುಕ್ಕುಗಳಲ್ಲಿ ಬರೆದುಕೊಂಡಳು.

ಮೊರಬದ ಜರೀನಾಬಿಯ ಗಂಡ ಅಂಥ ಡೇರೆಯೊಂದರ ಮಾಲೀಕ. "ಆಟ ನಿಂತ ಮ್ಯಾಲ ಎಲ್ಲಾ ಹಗ್ಯಾಗ ಮುಚ್ಚಿದ್ವಿ" ಎಂದು ಆಕೆ ಹೇಳಿದ್ದಳು. ನೆಲದಡಿ ಜೋಳ ತುಂಬಿಡುವ ಕಣಜಕ್ಕೆ ನಮ್ಮ ಕಡೆ ಹಗೆ ಎನ್ನುತ್ತಾರೆ. ರೀಲಿನ ಡಬ್ಬಿಗಳನ್ನು ಅದರಲ್ಲಿಟ್ಟಿದ್ದರು.

ದಾನೇಶ್ವರಿಯ ಮಾರ್ಗದರ್ಶಕರು ದಕ್ಷಿಣದವರು, ಹೆಸರಾಂತ ಪ್ರಾಧ್ಯಾಪಕರು. ನೋಡಿ ಕೊಡುತ್ತೇನೆಂದು ನೋಟುಬುಕ್ಕುಗಳನ್ನು ಒಯ್ದವರು ವರ್ಷದ ಮೇಲೆ ಅಚ್ಚಿನ ಕರಡನ್ನು ತಿದ್ದಲು ಅವಳಿಗೇ ಕಳಿಸಿದರು. ಒಳಗಿನ ಬರಹವೆಲ್ಲ ಅವಳದು, ಮೇಲಿನ ಹೆಸರು ಮಾತ್ರ ಅವರದು. ಅವರು ಸ್ವಂತವಾಗಿ ಸೇರಿಸಿದ್ದು ಒಂದೇ ಅಧ್ಯಾಯ: ಮೊರಬದ ಡೇರೆ ಹಗೆತನದಿಂದ ಮುಚ್ಚಿತೆಂಬ ಕಥೆ.

ಅವಳು ಕರಡು ಹಿಡಿದು ನನ್ನ ಮನೆಗೆ ಬಂದಳು.

"ತಿದ್ದಿದೆಯೇನವ್ವಾ?"

"ಎಲ್ಲಾ ತಿದ್ದೀನ್ರಿ ಸರ್. ಅದೊಂದ ಬಿಟ್ಟೀನಿ."

"ಕಂಡ ತಪ್ಪ ಬಿಡಬಾರದಲ್ಲ?"

"ಕಂಡೇ ಬಿಟ್ಟೀನ್ರಿ."

ಕರಡನ್ನು ಹಾಗೆಯೇ ಅವರಿಗೆ ವಾಪಸ್ಸು ಕಳಿಸಿದಳು.

ಪುಸ್ತಕದ ಬಿಡುಗಡೆ ನಮ್ಮ ಧಾರವಾಡದಲ್ಲಿಯೇ ಆಯಿತು. ಅವಳು ಜರೀನಾಬಿಯನ್ನು ಕರೆತಂದು ಮುಂದಿನ ಸಾಲಿನಲ್ಲಿ ಕೂರಿಸಿದ್ದಳು. ಪ್ರಾಧ್ಯಾಪಕರ ಮಾತು ಮುಗಿದೊಡನೆ ಮೊರಬದ ಅಧ್ಯಾಯ ತೆರೆದು ಎದ್ದು ನಿಂತು ಕೇಳಿದಳು.

"ಸರ್, ಇಲ್ಲಿ ಹಗೆ ಅಂದ್ರ ಏನ್ರಿ?"

"ವೈರ ಕಣಮ್ಮಾ. ಆ ಹೆಂಗಸು ನನ್ನೆದುರಿಗೇ ಹೇಳಿದ್ದು."

ಜರೀನಾಬಿ ಕುಳಿತಲ್ಲಿಂದಲೇ, "ಯಾವ ವೈರಪಾ? ನಮ್ಮ ಜೋಳದ ಹಗಿ ಅದು. ಅದರಾಗ ಡಬ್ಬಿ ಇಟ್ಟಿದ್ವಿ" ಎಂದಳು.

ಸಭೆ ನಕ್ಕಿತು. ಹಿಂದಿನಿಂದ ಯಾರೋ, "ಸಾಹೇಬ್ರನ್ನ ಒಮ್ಮಿ ಹಗ್ಯಾಗ ಇಳಸ್ರಲೇ" ಎಂದರು.

ದಾನೇಶ್ವರಿ ನಗಲಿಲ್ಲ. "ನೀ ಯಾರ ಮುಂದ ಹೇಳಿದ್ದಿ ಅಜ್ಜಿ?"

"ನಿನ್ನ ಮುಂದ. ಇವರನ್ನ ನಾ ಇವತ್ತ ನೋಡಾಕತ್ತೀನಿ."

ಆಗ ನಗು ನಿಂತಿತು. ಪ್ರಕಾಶಕರು ವೇದಿಕೆಯಿಂದ ಇಳಿದು ಬಂದು ಅವಳ ಬಳಿ ಆಧಾರವೇನಿದೆ ಎಂದು ಕೇಳಿದರು. ನೋಟುಬುಕ್ಕುಗಳನ್ನು ಕೊಡುವ ಮೊದಲೇ ತೆಗೆಸಿಟ್ಟಿದ್ದ ನಕಲುಗಳು ಅವಳ ಚೀಲದಲ್ಲಿ ಸಿದ್ಧವಾಗಿದ್ದವು.

ಚಹಾದ ಹೊತ್ತಿಗೆ ಪ್ರಾಧ್ಯಾಪಕರು ಮೆಲ್ಲಗೆ, "ಮುಂದಿನ ಮುದ್ರಣದಲ್ಲಿ ತಿದ್ದಿಬಿಡೋಣ. ಇಬ್ಬರ ಹೆಸರೂ ಇರಲಿ" ಎಂದರು.

"ಬ್ಯಾಡ್ರಿ ಸರ್. ನನ್ನ ಪುಸ್ತಕ ನನ್ನ ಹೆಸರಿಲೆ ಬರ್ತದ. ನಿಮ್ಮದರಾಗ ಒಂದಕ್ಷರ ತಿದ್ದಬ್ಯಾಡ್ರಿ."

ಈಗ ಅವಳು ಕಾಲೇಜಿನಲ್ಲಿ ಹಳೆಯ ಸಿನಿಮಾದ ಪಾಠ ಹೇಳುತ್ತಾಳೆ. ಪ್ರತಿವರ್ಷ ಮೊದಲ ದಿನ ಪ್ರಾಧ್ಯಾಪಕರ ಆ ಅಧ್ಯಾಯವನ್ನೇ, ಅವರ ಹೆಸರು ಹೇಳಿ, ಗಟ್ಟಿಯಾಗಿ ಓದಿಸುತ್ತಾಳೆ.