ಮೊಳೆ ಹೊಡೆಯದ ಗೋಡೆಗಳು

ಇವತ್ತು ಬೆಳಿಗ್ಗೆ ಮೊಮ್ಮಗಳು ಒಬ್ಬ ಬಡಗಿಯನ್ನು ಕರೆಸಿ, ನನ್ನ ಕೋಣೆಯಿಂದ ಬಚ್ಚಲಿನವರೆಗೆ ಗೋಡೆಗೆ ಹಿಡಿಕೆ ಹಾಕುವಂತೆ ಹೇಳಿ ಕೆಲಸಕ್ಕೆ ಹೋದಳು. ನನ್ನ ಕಣ್ಣು ಈಗ ಮಂಜು. ಬಡಗಿ ಮೊಳೆ ಹೊಡೆಯತೊಡಗಿದ, ಉದುರಿದ ಸುಣ್ಣದ ವಾಸನೆ ಮೂಗಿಗೆ ಬಡಿದದ್ದೇ ತಡ, “ತಡೆಯಪ್ಪಾ!” ಎಂದು ಕೂಗಿಬಿಟ್ಟೆ. ಪಾಪ, ಬೆಚ್ಚಿಬಿದ್ದ.

ನಗಬೇಡಿ. ಸರ್ಕಾರಿ ಶಾಲೆಯ ಮೇಷ್ಟ್ರಾಗಿದ್ದವನು ನಾನು. ಬಾಡಿಗೆ ಮನೆಯ ಗೋಡೆಗೆ ಮೊಳೆ ಹೊಡೆದರೆ ವರ್ಗದ ಹುಕುಂ ಬರುತ್ತದೆಂದು ನಮ್ಮ ಕಾಲದ ಮೇಷ್ಟ್ರುಗಳು ಗಟ್ಟಿಯಾಗಿ ನಂಬಿದ್ದರು. ಹೀಗಾಗಿ ನಮ್ಮ ಅಂಗಿ ಟ್ರಂಕಿನ ಮೇಲೆ, ಕ್ಯಾಲೆಂಡರು ಕಿಟಕಿಯ ಸರಳಿಗೆ, ಕನ್ನಡಿ ಅಕ್ಕಿ ಡಬ್ಬಿಗೆ ಒರಗಿಕೊಂಡು. ಕೆಲಸಕ್ಕೆಂದು ನ್ಯಾಮತಿಯಲ್ಲಿ ಇದ್ದಷ್ಟು ದಿನವೂ ನಾನು ನೆಲದ ಮೇಲೆ ಕುಕ್ಕರುಗಾಲಿನಲ್ಲಿ ಕೂತೇ ಕ್ರಾಪು ಬಾಚಿಕೊಂಡೆ. ಮೊಳೆ ಹೊಡೆಯದಿದ್ದರೂ ಹುಕುಂ ಬಂತು, ಆ ಮಾತು ಬೇರೆ.

ಹೊನ್ನಾಳಿಗೆ ಬರುವ ಹೊತ್ತಿಗೆ ಅವ್ವನ ಕಣ್ಣು ಪೂರ್ತಿ ಹೋಗಿತ್ತು. ನನಗಿನ್ನೂ ಮದುವೆಯಾಗಿರಲಿಲ್ಲ, ಅವಳಿಗೆ ನಾನು, ನನಗೆ ಅವಳು. ನಾನು ಶಾಲೆಗೆ ಹೋದರೆ ಅವ್ವ ಸಂಜೆಯವರೆಗೂ ಚಾಪೆ ಬಿಟ್ಟು ಏಳುತ್ತಿರಲಿಲ್ಲ. ಪಕ್ಕದ ಮನೆಯಲ್ಲಿ ತಗಡಿನ ಟ್ರಂಕು ಮಾಡುವ ಖಾಸಿಂ ಸಾಬರಿದ್ದರು. ಒಂದು ಭಾನುವಾರ ಸುತ್ತಿಗೆ, ಮೊಳೆ, ನಾರಿನ ಹಗ್ಗ ಹಿಡಿದು ಬಂದೇಬಿಟ್ಟರು.

“ಬೇಡಿ ಸಾಬರೇ, ವರ್ಗ ಆಗ್ತದೆ” ಎಂದೆ.

“ಅಲ್ರೀ ಮೇಷ್ಟ್ರೇ, ಇಲ್ಲಿ ಮೊಳೆ ಹೊಡ್ದಿದ್ದು ಸರ್ಕಾರಕ್ಕೆ ಹೆಂಗೆ ಕೇಳಿಸ್ತೈತ್ರಿ? ಅವ್ವಾರು ಓಡ್ಯಾಡಾಕೆ ಏನಾರ ಬೇಕಲ್ಲ?”

ಅಡುಗೆಮನೆಯಿಂದ ಹಿತ್ತಿಲಿಗೆ, ಹಿತ್ತಿಲಿನಿಂದ ತಮ್ಮ ಮನೆಯ ಜಗಲಿಯವರೆಗೆ ಸಾಲಾಗಿ ಮೊಳೆ ಹೊಡೆದು ಹಗ್ಗ ಎಳೆದು ಕಟ್ಟಿದರು. ಹಗ್ಗ ಹಿಡಿದು ಅವ್ವ ಓಡಾಡಲು ಕಲಿತಳು. ಸಾಬರ ಹೆಂಡತಿಯ ಜೊತೆ ಕೂತು ಹುಣಸೆಹಣ್ಣು ಬಿಡಿಸುವಳು, ಊರವರ ಸುದ್ದಿಯನ್ನೆಲ್ಲ ನನಗಿಂತ ಮೊದಲು ತಿಳಿದುಕೊಳ್ಳುವಳು. ಶಾಲೆಯಿಂದ ಬರುವಾಗ ತಿರುವಿನಲ್ಲೇ ಅವಳ ನಗು ಕೇಳಿಸುತ್ತಿತ್ತು. ನಾನು ಬದುಕಿದ ಮನೆಗಳಲ್ಲಿ ಮನೆ ಅನ್ನಿಸಿದ್ದು ಅದೊಂದೇ.

ಎರಡನೇ ಮಹಾಯುದ್ಧದ ವರ್ಷಗಳಲ್ಲಿ ಜಗಳೂರಿಗೆ ವರ್ಗವಾಯಿತು. ಕಾರಣ ತಿಳಿಸಲಿಲ್ಲ, ನನ್ನನ್ನು ಒಂದು ಮಾತು ಕೇಳಲೂ ಇಲ್ಲ. ಖಾಸಿಂ ಸಾಬರು ಸುಮ್ಮನಿರುವ ಆಸಾಮಿಯಲ್ಲ. ಅಂಗಡಿ ಮುಚ್ಚಿ ಬೀದಿಬೀದಿ ತಿರುಗಿ, ಸಹಿ ಬರುವವರ ಸಹಿ, ಬಾರದವರ ಹೆಬ್ಬೆಟ್ಟು ಹಾಕಿಸಿ, ವರ್ಗ ರದ್ದು ಮಾಡಿರೆಂದು ಇಲಾಖೆಗೆ ಅರ್ಜಿ ಕಳಿಸಿದರು. ಅದರ ತುಂಬ ನನ್ನ ಹೊಗಳಿಕೆ. ಅವ್ವನ ಕಣ್ಣಿನ ಸುದ್ದಿಯೇ ಇಲ್ಲ. ಊರಿಗೆಲ್ಲ ಗೊತ್ತಿದ್ದದ್ದನ್ನು ಬರೆಯಬೇಕೆಂದು ಯಾರಿಗೂ ಹೊಳೆದಿರಲಿಲ್ಲ.

ಶಾಲಾ ಇನ್‌ಸ್ಪೆಕ್ಟರ್ ಸಾಹೇಬರು ಚನ್ನಗಿರಿಯಲ್ಲಿ ಮೊಕ್ಕಾಂ ಮಾಡಿದ್ದಾರೆಂದು ತಿಳಿದು, ಪೆಟ್ರೋಲು ಸಿಗದೆ ಇದ್ದಿಲ ಗ್ಯಾಸಿನಲ್ಲಿ ಓಡುತ್ತಿದ್ದ ಬಸ್ಸಿನಲ್ಲಿ ಕೆಮ್ಮುತ್ತ ಹೋದೆ. ನನ್ನ ಹೆಸರು ಕೇಳುತ್ತಲೇ ಅವರ ಮುಖ ಗಂಟಿಕ್ಕಿತು.

“ಊರವರನ್ನು ಎತ್ತಿಕಟ್ಟಿ ಸಿಫಾರಸು ಮಾಡಿಸ್ತೀರೋ?”

“ನಾನು ಮಾಡಿಸಿದ್ದಲ್ಲ ಸ್ವಾಮಿ. ನನ್ನ ತಾಯಿಗೆ ಕಣ್ಣು ಕಾಣಿಸೋದಿಲ್ಲ. ಹೊನ್ನಾಳಿ ಮನೆಯೊಂದೇ ಅವರಿಗೆ ರೂಢಿಯಾಗಿರೋದು.”

“ಇದನ್ನ ಮೊದಲೇ ಯಾಕೆ ಹೇಳಲಿಲ್ಲ?”

“ಯಾರೂ ಕೇಳಲಿಲ್ಲ ಸ್ವಾಮಿ.”

ಅವರು ಮೂಲೆಯಲ್ಲಿ ಹಗ್ಗ ಬಿಗಿದು ಇಟ್ಟಿದ್ದ ಹಾಸಿಗೆ ಸುರುಳಿಯತ್ತ ಕೈ ತೋರಿಸಿದರು. “ನನಗೂ ವರ್ಗವಾಗಿದೆ. ನನ್ನನ್ನ ಯಾರು ಕೇಳಿದರು? ಎಲ್ಲರನ್ನೂ ಕೇಳ್ತಾ ಕೂತರೆ ಇಲಾಖೆ ನಡೆಯುತ್ತಾ?”

ನನಗೆ ಕಾಫಿ ತರಿಸಿ ಕೊಟ್ಟರು. ಹುಕುಂ ಮಾತ್ರ ಬದಲಾಗಲಿಲ್ಲ. ಆ ಮನುಷ್ಯನನ್ನು ಬೈಯೋಣವೆಂದರೆ ಬೈಯಲು ಮನಸ್ಸು ಬರಲಿಲ್ಲ. ವರ್ಗವೇ ಅನ್ಯಾಯವೆಂದು ನಾನು ಹೇಳುವವನಲ್ಲ, ಜಗಳೂರಿನ ಮಕ್ಕಳಿಗೂ ಮೇಷ್ಟ್ರು ಬೇಕು. ಆದರೆ ಮೊದಲು ಕರೆದು ಕೇಳಿ, ಆಮೇಲೆ “ಆಗುವುದಿಲ್ಲ” ಎಂದಿದ್ದರೂ ಬೇಸರವಿಲ್ಲದೆ ಹೊರಡುತ್ತಿದ್ದೆ.

ಹೊರಡುವ ದಿನ ಸಾಬರು ಮೊಳೆಗಳನ್ನು ತಾವೇ ಕಿತ್ತು, ಬಟ್ಟೆಯಲ್ಲಿ ಸುತ್ತಿ, ಹಗ್ಗದ ಜೊತೆ ನನ್ನ ಕೈಗಿಟ್ಟರು. “ನಾನೇ ಹೊಡ್ದೆ ನೋಡ್ರಿ ಮೇಷ್ಟ್ರೇ, ಸರ್ಕಾರಕ್ಕೆ ಕೇಳಿಸೇಬಿಡ್ತು” ಎಂದರು. ನಾನು ನಗಲಿಕ್ಕೆ ನೋಡಿದೆ, ಆಗಲಿಲ್ಲ.

ಜಗಳೂರಿನ ಮನೆಯಲ್ಲಿ ಆ ಮೊಳೆಗಳನ್ನು ನಾನೇ ಹೊಡೆದೆ. ಅರ್ಧಕ್ಕರ್ಧ ಸೊಟ್ಟಗಾದವು. ಅವ್ವ ಹಗ್ಗ ಹಿಡಿದು ನಿಧಾನಕ್ಕೆ ಹಿತ್ತಿಲವರೆಗೆ ಹೋದಳು. ಕೊನೆಯ ಮೊಳೆಯನ್ನು ಮುಟ್ಟಿ ನೋಡಿದಳು. ಆಚೆ ಏನಾದರೂ ಕೇಳಿಸೀತೆಂದು ಕಿವಿಗೊಟ್ಟು ನಿಂತಳು.

“ಹಗ್ಗ ಚಲೋ ಐತೆ ಮಗಾ. ತುದಿಗೆ ಯಾರೂ ಇಲ್ಲ” ಎಂದು ವಾಪಸು ಬಂದು ಚಾಪೆಯ ಮೇಲೆ ಕೂತಳು. ಅಕ್ಕಪಕ್ಕದವರು ಒಳ್ಳೆಯವರೇ, ಬಂದು ಮಾತಾಡಿಸುತ್ತಿದ್ದರು. ಅವ್ವ ಮಾತ್ರ ಮತ್ತೆ ಹಗ್ಗ ಮುಟ್ಟಲಿಲ್ಲ. ಮರುವರ್ಷದ ಬೇಸಿಗೆಯಲ್ಲಿ ಆ ಚಾಪೆಯ ಮೇಲೆಯೇ ಹೋದಳು. ಹಗ್ಗವನ್ನು ಬಿಚ್ಚಲು ನನಗೆ ಬಹಳ ದಿನ ಕೈ ಬರಲಿಲ್ಲ.

ಬಡಗಿ ಇನ್ನೂ ಸುತ್ತಿಗೆ ಹಿಡಿದು ನಿಂತೇ ಇದ್ದ. “ಅಜ್ಜಾರೆ, ಎಲ್ಲಿ ಹೊಡೀಲಿ ಹೇಳ್ರಿ. ನಿಮ್ ಕೈಗೆ ಎಲ್ಲಿ ಸಿಗ್ತೈತೆ?”

ಎಲ್ಲಿ ಬೇಕೆಂದು ಅವನು ನನ್ನನ್ನು ಕೇಳುತ್ತಿದ್ದ. ಎದ್ದು ಗೋಡೆಯ ಮೇಲೆ ಕೈಯಾಡಿಸಿ ಜಾಗ ತೋರಿಸಿದೆ.

“ಇಲ್ಲಿ. ಬಚ್ಚಲಿಗೆ ನಿಲ್ಲಿಸಬೇಡಪ್ಪ. ಬೀದಿ ಬಾಗಿಲಿನವರೆಗೂ ಹಾಕು. ಅಲ್ಲಿ ಯಾರಾದರೂ ಸಿಕ್ಕಾರು.”